ಗಡಿಯಲ್ಲಿ ಮೊಸರನ್ನ

ಲಂಡನ್ನಿನಲ್ಲಿರುವ ಕನ್ನಡಿಗನೊಬ್ಬ ಬೆಂಗಳೂರಿಗೆ ಟಿಕೆಟ್ ಮಾಡಿಸಿದರೆ ಆ ಸುದ್ದಿ ಹೇಗೆ ಹಬ್ಬುತ್ತದೋ ನನಗೆ ಇವತ್ತಿಗೂ ತಿಳಿದಿಲ್ಲ. ಸಂಜೆಯೊಳಗೆ ಫೋನುಗಳು ಶುರುವಾಗುತ್ತವೆ. ಮೊದಲು ಮಕ್ಕಳ ಕ್ಷೇಮ, ಆಮೇಲೆ ಲಂಡನ್ನಿನ ಹವೆ, ಕೊನೆಗೆ "ಏನಿಲ್ಲ, ಒಂದು ಸಣ್ಣ ಪ್ಯಾಕೆಟ್ ಇತ್ತು" ಎಂಬ ಮಾತು. ಹೋಗುವಾಗ ಅವರ ತಾಯಿಗೆ ಮಂಡಿನೋವಿನ ಮುಲಾಮು, ಬರುವಾಗ ಅವರಿಗೆ ಸಾರಿನ ಪುಡಿ. ಈ ಸಣ್ಣ ಪ್ಯಾಕೆಟ್ಟು ಎರಡೂವರೆ ಕಿಲೋಗಿಂತ ಕಡಿಮೆ ತೂಗಿದ್ದನ್ನು ನಾನು ಕಂಡಿಲ್ಲ. ಆದರೂ ಎಲ್ಲರೂ ಒಯ್ಯುತ್ತಾರೆ, ಎಲ್ಲರೂ ತರುತ್ತಾರೆ. ಒಬ್ಬರ ಸೂಟ್‌ಕೇಸಿನಲ್ಲಿ ಇನ್ನೊಬ್ಬರ ಸಾಮಾನು ಇಟ್ಟುಕೊಂಡೇ ನಮ್ಮ ಜನ ಪರದೇಶದಲ್ಲಿ ಬದುಕುತ್ತಿದ್ದಾರೆ. ಇಂಥ ಸತ್ಸಂಪ್ರದಾಯಕ್ಕೆ ಮಸಿ ಬಳಿದವನು ನಾನು. ಅದನ್ನು ಒಪ್ಪಿಕೊಳ್ಳಲಿಕ್ಕಾಗಿಯೇ ಇದನ್ನು ಬರೆಯುತ್ತಿದ್ದೇನೆ.

ನನ್ನ ಮೊದಲ ಅಪರಾಧ ಕೋಡುಬಳೆಯದು. ರೇನರ್ಸ್ ಲೇನಿನಲ್ಲಿರುವ ಗೆಳೆಯನಿಗೆಂದು ಅವನ ತಾಯಿ ಬೆಂಗಳೂರಿನಲ್ಲಿ ನನ್ನ ಕೈಗೆ ಒಂದು ಡಬ್ಬಿ ಕೋಡುಬಳೆ ಕೊಟ್ಟಿದ್ದರು. ವಿಮಾನ ತಡವಾಯಿತು. ಎಲ್ಲ ಸರಿಯಾಗಿದೆಯೇ ಎಂದು ಸುಮ್ಮನೆ ಡಬ್ಬಿ ತೆರೆದು ನೋಡಿದೆ. ಒಂದು ಮುರಿದಿತ್ತು. ಮುರಿದದ್ದನ್ನು ಕೊಟ್ಟರೆ ಚೆನ್ನಾಗಿರುವುದಿಲ್ಲ ಎಂದು ಅದನ್ನು ತಿಂದೆ. ಅದನ್ನು ತೆಗೆಯುವಾಗ ಪಕ್ಕದ್ದು ಮುರಿಯಿತು. ಹೀಗೆ ಹೀತ್ರೂ ತಲುಪುವ ಹೊತ್ತಿಗೆ ಡಬ್ಬಿ ಅರ್ಧವಾಗಿತ್ತು. ಬೆಂಗಳೂರಿನಿಂದ ಲಂಡನ್ನಿಗೆ ಹತ್ತು ಗಂಟೆಯಲ್ಲಿ ಬಂದ ಆ ಕೋಡುಬಳೆಗಳಿಗೆ ಕ್ರೋಯ್ಡನ್ನಿನ ನಮ್ಮ ಫ್ಲ್ಯಾಟಿನಿಂದ ಅದೇ ಲಂಡನ್ನಿನ ಇನ್ನೊಂದು ತುದಿಯ ರೇನರ್ಸ್ ಲೇನ್ ಮುಟ್ಟಲು ಮೂರು ವಾರ ಹಿಡಿಯಿತು. ಅಷ್ಟರಲ್ಲಿ ನಾಲ್ಕು ಉಳಿದಿದ್ದವು. ಗೆಳೆಯ ಡಬ್ಬಿ ತೆರೆದು ನೋಡಿ ನನಗೆ ಕಾಫಿ ಮಾಡಿಕೊಟ್ಟ. ಆದರೆ ಅವತ್ತಿನಿಂದ ನನ್ನ ಕೈಗೆ ಯಾರೂ ಪ್ಯಾಕೆಟ್ ಕೊಡುತ್ತಿಲ್ಲ. ಆಗ ನನಗೆ ನಾಚಿಕೆಯಾಗಬೇಕಿತ್ತು. ಆಗಲಿಲ್ಲ, ಸೂಟ್‌ಕೇಸ್ ಹಗುರವಾಯಿತಲ್ಲ ಎಂದು ಸಂತೋಷವಾಯಿತು. ನಿಜವಾದ ನಾಚಿಕೆ ಆಮೇಲೆ ಬಂತು, ಅದೂ ಒಂದು ಗ್ರಾಂ ತೂಕವಿಲ್ಲದ ಪ್ಯಾಕೆಟ್ಟಿನಿಂದ.

ಆ ಪ್ಯಾಕೆಟ್ ಕೊಟ್ಟವರು ಮಾರೂಲ್ಲಾ ಆಂಟಿ. ನಮ್ಮ ಫ್ಲ್ಯಾಟಿನ ಕೆಳಗೆ, ಟ್ರ್ಯಾಮ್ ಸ್ಟಾಪಿನ ಎದುರು, ಅವರದ್ದೊಂದು ಬಟ್ಟೆ ರಿಪೇರಿ ಅಂಗಡಿಯಿದೆ. ಎಪ್ಪತ್ತು ದಾಟಿದವರು, ಸೈಪ್ರಸ್ ದ್ವೀಪದವರು. ಕ್ರೋಯ್ಡನ್ನಿನಲ್ಲಿ ಸೀರೆಯ ರವಿಕೆಯನ್ನು ಅರ್ಥ ಮಾಡಿಕೊಂಡ ಏಕೈಕ ಬಿಳಿಯ ಹೆಂಗಸು ಅವರು ಎಂದು ನನ್ನ ಹೆಂಡತಿ ಶೈಲಜಾಳ ಅಭಿಪ್ರಾಯ. ಮೊದಲ ಸಲ ಇವಳು ಬಿಗಿಯಾದ ರವಿಕೆಯೊಂದನ್ನು ಒಯ್ದಾಗ ಅವರು ಅದನ್ನು ಒಳಮಗ್ಗುಲು ಮಾಡಿ, ಹೊಲಿಗೆಯ ಒಳಗೆ ಬಿಟ್ಟಿದ್ದ ಬಟ್ಟೆಯನ್ನು ಬೆರಳಿನಿಂದ ಅಳೆದು, "ನಿಮ್ಮೂರಿನ ಟೈಲರ್ ಬುದ್ಧಿವಂತ. ನೀನು ಮುಂದೆ ದಪ್ಪ ಆಗ್ತೀಯ ಅಂತ ಅವನಿಗೆ ಮೊದಲೇ ಗೊತ್ತಿತ್ತು" ಎಂದರಂತೆ. ಅವತ್ತಿನಿಂದ ಇವರಿಬ್ಬರೂ ಗೆಳತಿಯರು. ನನ್ನ ಪ್ಯಾಂಟುಗಳ ಸೊಂಟವನ್ನು ವರ್ಷಕ್ಕೊಮ್ಮೆ ಸಡಿಲಿಸುವವರೂ ಅವರೇ. ನನ್ನನ್ನು ಡಾರ್ಲಿಂಗ್ ಎಂದು ಕರೆಯುವ ಹೆಂಗಸು ಭೂಮಿಯ ಮೇಲೆ ಅವರೊಬ್ಬರೇ. ಶೈಲಜಾಗೆ ಅದರಲ್ಲೇನೂ ಅಭ್ಯಂತರವಿಲ್ಲ, ಯಾಕೆಂದರೆ ಅವರು ಪೋಸ್ಟ್‌ಮ್ಯಾನನ್ನೂ ಹಾಗೆಯೇ ಕರೆಯುತ್ತಾರೆ.

ಹೋದ ಮೇ ತಿಂಗಳ ಶಾಲಾ ರಜೆಗೆ ನಾವು ಸೈಪ್ರಸ್‌ಗೆ ಹೊರಟೆವು. ಶೈಲಜಾಗೂ ಹದಿಮೂರು ವರ್ಷದ ಮಗಳು ಅನಘಾಗೂ ಬೇಕಿದ್ದದ್ದು ಸಮುದ್ರ. ನನಗೆ ಬೇಕಿದ್ದದ್ದು ಗಡಿ. ಆ ದ್ವೀಪವನ್ನು ಯುದ್ಧವೊಂದು ಎರಡು ಪಾಲು ಮಾಡಿದೆ. ಈಚೆ ಒಂದು ಸೈನ್ಯ, ಆಚೆ ಇನ್ನೊಂದು, ನಡುವೆ ವಿಶ್ವಸಂಸ್ಥೆಯ ಸೈನಿಕರು ಕಾಯುವ ಪಾಳು ನೆಲ. ಪರಿಣತರೊಬ್ಬರು ಜೊತೆಗಿದ್ದು ಬೆಳಗಿನಿಂದ ಸಂಜೆವರೆಗೆ ಇದನ್ನೆಲ್ಲ ತೋರಿಸುವ ಪ್ರವಾಸವೊಂದಿದೆ ಎಂದು ಆಫೀಸಿನಲ್ಲಿ ಯಾರೋ ಹೇಳಿದ್ದರು. ಕನ್ನಡದವರ ಕೂಟಗಳಲ್ಲಿ ಎಲ್ಲರೂ ಮನೆಸಾಲದ ಬಗ್ಗೆ ಮಾತಾಡುತ್ತಿರುವಾಗ ನಾನು ಗಂಟಲು ಸರಿಪಡಿಸಿಕೊಂಡು "ನಾನು ಆ ಗಡಿಯಲ್ಲಿ ನಿಂತಿದ್ದಾಗ" ಎಂದು ಶುರುಮಾಡುವ ದೃಶ್ಯ ನನ್ನ ಕಣ್ಣಿಗೆ ಕಟ್ಟಿತ್ತು. ನನ್ನ ಜ್ಞಾನದಾಹ ಅಷ್ಟೇ ಆಳದ್ದು.

ಹೊರಡುವ ವಾರ ಪ್ಯಾಂಟ್ ಕೊಡಲು ಅಂಗಡಿಗೆ ಹೋದಾಗ ಶೈಲಜಾ ಈ ಸುದ್ದಿ ಹೇಳಿದಳು. ಮಾರೂಲ್ಲಾ ಆಂಟಿ ಮಿಷನ್ ನಿಲ್ಲಿಸಿದರು. ಗಡಿ ನೋಡುವ ಪ್ರವಾಸ ಎಲ್ಲೆಲ್ಲಿ ಹೋಗುತ್ತದೆ ಎಂದು ನನ್ನ ಫೋನಿನಲ್ಲಿ ನೋಡಿ, ಒಂದು ಹೆಸರಿನ ಮೇಲೆ ಬೆರಳಿಟ್ಟರು. ಅವರು ಹುಟ್ಟಿದ ಊರು ಆ ಪಾಳು ನೆಲದೊಳಗೆ ಸಿಕ್ಕಿಬಿದ್ದಿದೆಯಂತೆ. ಅಲ್ಲಿ ಯಾರೂ ವಾಸವಿಲ್ಲ, ಯಾರನ್ನೂ ಬಿಡುವುದಿಲ್ಲ. ಈಚೆಯ ಒಂದು ಕಟ್ಟಡದ ತಾರಸಿಯಿಂದ ದುರ್ಬೀನು ಹಿಡಿದರೆ ಮಾತ್ರ ಕಾಣುತ್ತದೆ. ನಮ್ಮ ಪ್ರವಾಸ ಅಲ್ಲಿ ನಿಲ್ಲುತ್ತಿತ್ತು.

"ಡಾರ್ಲಿಂಗ್, ಏನೂ ತರೋದು ಬೇಡ. ಫೋಟೋನೂ ಬೇಡ, ಅಲ್ಲಿ ತೆಗೆಯೋಕೆ ಬಿಡಲ್ಲ. ಸುಮ್ಮನೆ ನೋಡಿ ಬಾ" ಎಂದರು. ಮೇಜಿನ ಮೇಲಿದ್ದ ನನ್ನ ಪ್ಯಾಂಟಿನ ಮೇಲೆಯೇ ಟೈಲರ್ ಚಾಕ್‌ಪೀಸಿನಿಂದ ಚಿತ್ರ ಬರೆದರು. ಇದು ಚರ್ಚು. ಅದರ ಬಲಗಡೆಗೆ ಮೂರನೆಯ ಮನೆ. ನೀಲಿ ಬಣ್ಣದ ಕಿಟಕಿ ಬಾಗಿಲುಗಳು. ತಾರಸಿಯ ಮೇಲೆ ಬಟ್ಟೆ ಒಣಗಿಸಲು ಅವರಪ್ಪ ನೆಟ್ಟಿದ್ದ ಒಂದು ಕಬ್ಬಿಣದ ಕಂಬ. "ಆ ಕಂಬ ಇನ್ನೂ ಇದೆಯಾ ನೋಡು. ಅಷ್ಟು ಸಾಕು ನನಗೆ."

"ನೀವೇ ಒಂದ್ಸಲ ಹೋಗಿ ಬರಬಹುದಲ್ಲ ಆಂಟಿ" ಎಂದಳು ಶೈಲಜಾ.

"ಹೋಗ್ತೀನಿ, ಹೋಗ್ತೀನಿ" ಎಂದು ಅವರು ಸೂಜಿಗೆ ದಾರ ಪೋಣಿಸತೊಡಗಿದರು.

ನನಗೆ ಹಿಗ್ಗೋ ಹಿಗ್ಗು. ಎಷ್ಟೋ ವರ್ಷಗಳ ಮೇಲೆ ಒಬ್ಬರು ನನ್ನನ್ನು ನಂಬಿ ಕೆಲಸವೊಂದನ್ನು ಒಪ್ಪಿಸಿದ್ದರು, ಅದೂ ಲಗೇಜಿನ ಲೆಕ್ಕಕ್ಕೆ ಬಾರದ್ದು, ಮುರಿಯದ್ದು, ಮುಖ್ಯವಾಗಿ ತಿನ್ನಲಾಗದ್ದು. ಮಾರನೆಯ ದಿನ ಪ್ಯಾಂಟ್ ಕೊಡುವಾಗ ಅವರು ಚಾಕಿನ ಗೆರೆಗಳನ್ನು ಒರೆಸಿರಲಿಲ್ಲ. "ಮರೆತುಹೋಗಬಾರದು ಅಂತ ಬಿಟ್ಟಿದ್ದೀನಿ. ಇದನ್ನೇ ಹಾಕ್ಕೊಂಡು ಹೋಗು" ಎಂದರು. ಹಾಗೇ ಮಾಡಿದೆ. ತೊಡೆಯ ಮೇಲೊಂದು ಚರ್ಚು, ಮೂರು ಮನೆ, ಒಂದು ಕಂಬ ಹೊತ್ತುಕೊಂಡು ನಾನು ಗಡಿಗೆ ಹೊರಟೆ.

ನಮ್ಮ ಮಾರ್ಗದರ್ಶಿ ನಿವೃತ್ತ ಇತಿಹಾಸದ ಮೇಷ್ಟ್ರು. ಹುಲ್ಲಿನ ಟೋಪಿ, ಕೈಯಲ್ಲಿ ಕೋಲು. ಮಿನಿಬಸ್ಸಿನಲ್ಲಿ ಹನ್ನೆರಡು ಜನ ಇದ್ದೆವು. ಹತ್ತುವಾಗಲೇ ಅವರು ನಿಯಮಗಳನ್ನು ಹೇಳಿದರು: ಸೈನಿಕರತ್ತ ಬೆರಳು ತೋರಿಸಬಾರದು, ಕೈಬೀಸಬಾರದು, ಫಲಕ ಇರುವಲ್ಲಿ ಫೋಟೋ ತೆಗೆಯಬಾರದು. ಹಳೆಯ ಪೇಟೆಯ ಬೀದಿಯೊಂದು ಇದ್ದಕ್ಕಿದ್ದಂತೆ ಮರಳಿನ ಮೂಟೆ, ಕಾಂಕ್ರೀಟು ತುಂಬಿದ ಡ್ರಮ್ಮುಗಳ ಗೋಡೆಯಲ್ಲಿ ಮುಗಿದುಹೋಗುತ್ತಿತ್ತು. ಗೋಡೆಯ ಈಚೆಗೆ ಒಬ್ಬ ಮುದುಕ ಕುರ್ಚಿ ಹಾಕಿಕೊಂಡು ಕಾಫಿ ಕುಡಿಯುತ್ತಿದ್ದ. ಗೂಡಿನಂಥ ಕಾವಲು ಕೋಣೆಯೊಳಗೆ ಬಂದೂಕು ಹಿಡಿದ ಹುಡುಗನ ಮುಖದಲ್ಲಿ ಮೊಡವೆಗಳಿದ್ದವು. ಮೇಷ್ಟ್ರು ದನಿ ತಗ್ಗಿಸಿ ವಿವರಿಸುತ್ತಿದ್ದರು, ಎಲ್ಲರೂ ಉಸಿರು ಬಿಗಿಹಿಡಿದು ಕೇಳುತ್ತಿದ್ದರು. ನಾನು ಕೇಳಿದ ಒಂದೇ ಪ್ರಶ್ನೆ ಟಾಯ್ಲೆಟ್ ಎಲ್ಲಿದೆ ಎಂಬುದು.

ಪ್ರವಾಸದ ಊಟ ಸುಟ್ಟ ಮಾಂಸದ್ದು ಎಂದು ಮೊದಲೇ ತಿಳಿದಿದ್ದರಿಂದ ಶೈಲಜಾ ನಸುಕಿನಲ್ಲೇ ಎದ್ದು ಮೊಸರನ್ನ ಕಲಸಿದ್ದಳು. ದಾರಿಗೆಂದು ಮೊಸರು ಕಡಿಮೆ, ಹಾಲು ಹೆಚ್ಚು ಹಾಕಿ, ಸಾಸಿವೆ, ಇಂಗು, ಲಂಡನ್ನಿನಿಂದ ಟಿಶ್ಯೂ ಪೇಪರಿನಲ್ಲಿ ಸುತ್ತಿ ತಂದಿದ್ದ ಕರಿಬೇವು, ಜೊತೆಗೆ ಮಾವಿನ ಮಿಡಿ ಉಪ್ಪಿನಕಾಯಿ. ಡಬ್ಬಿ ಬಸ್ಸಿನ ಹಿಂದಿನ ಕಿಟಕಿಯ ಬಳಿ ಬಿಸಿಲಿಗೆ ಕೂತಿತ್ತು. ಹನ್ನೆರಡರ ಹೊತ್ತಿಗೆ ಬಸ್ಸು ಆ ಕಟ್ಟಡದ ಮುಂದೆ ನಿಂತಿತು. ಕೆಳಗೊಂದು ಕಾಫಿ ಅಂಗಡಿ, ಪಕ್ಕದಲ್ಲಿ ಮೆಟ್ಟಿಲು, ಮೇಲೆ ತಾರಸಿ. ಅರ್ಧ ಗಂಟೆ ಸಮಯ, ದುರ್ಬೀನು ಒಬ್ಬೊಬ್ಬರಿಗೆ ಎರಡು ನಿಮಿಷ ಎಂದು ಹೇಳಿ ಮೇಷ್ಟ್ರು ಎಲ್ಲರನ್ನೂ ಕರೆದುಕೊಂಡು ಹತ್ತಿದರು. ನಾನೂ ಎದ್ದೆ. ಆಗ ಶೈಲಜಾ ಡಬ್ಬಿಯ ಮುಚ್ಚಳ ತೆಗೆದು ಮೂಸಿ ನೋಡಿದಳು.

"ರೀ, ಒಂದೈದು ನಿಮಿಷ ಕೂತು ತಿಂದು ಹೋಗಿ. ಗಡಿ ಎಲ್ಲೂ ಓಡಿಹೋಗಲ್ಲ, ಮೊಸರನ್ನ ಹುಳಿಯಾಗತ್ತೆ."

ಇಷ್ಟು ತರ್ಕಬದ್ಧವಾದ ಮಾತಿಗೆ ಯಾರಾದರೂ ಏನು ಹೇಳಲಾದೀತು? ಕೂತೆ. ಒಂದು ತಟ್ಟೆಯ ಮಟ್ಟಿಗೆ ತಪ್ಪು ಅವಳದೆಂದೇ ಇಟ್ಟುಕೊಳ್ಳೋಣ. ಎರಡನೆಯ ಸಲ ಬಡಿಸಿಕೊಂಡವನು ನಾನು. ಇನ್ನೊಂದು ಮಿಡಿಗಾಗಿ ಡಬ್ಬಿಯ ತಳ ಕೆದಕಿದವನೂ ನಾನೇ. ಅನಘಾ ಕಿವಿಗೆ ಹೆಡ್‌ಫೋನ್ ಹಾಕಿಕೊಂಡು ಹಿಂದೆ ಕೂತಿದ್ದಳು. ಬೆರಳು ಚೀಪಿ ತಲೆಯೆತ್ತಿದಾಗ ನಮ್ಮ ಗುಂಪು ಮೆಟ್ಟಿಲಿಳಿದು ಬರುತ್ತಿತ್ತು. ಒಬ್ಬ ಅಜ್ಜಿ ಕನ್ನಡಕ ತೆಗೆದು ಒರೆಸಿಕೊಳ್ಳುತ್ತಿದ್ದರು. ಈಗಲೇ ಓಡಿಹೋಗಿ ಎರಡು ನಿಮಿಷ ನೋಡಿ ಬರುತ್ತೇನೆಂದು ಮೇಷ್ಟ್ರನ್ನು ಕೇಳಬಹುದಿತ್ತು, ಅವರು ಇಲ್ಲ ಎನ್ನುತ್ತಿರಲಿಲ್ಲ. ಆದರೆ ಹೊಟ್ಟೆ ಭಾರವಾಗಿತ್ತು, ಬಿಸಿಲು ಜೋರಾಗಿತ್ತು, ಮೂರು ಮಹಡಿ ಹತ್ತಬೇಕಿತ್ತು. ಪಕ್ಕದ ಸೀಟಿನ ಇಂಗ್ಲಿಷಿನವನನ್ನು "ಏನಾದರೂ ಕಂಡಿತೇ?" ಎಂದು ಕೇಳಿದೆ. "ಹೆಚ್ಚೇನಿಲ್ಲ" ಎಂದು ಅವನು ಕಿಟಕಿಯತ್ತ ತಿರುಗಿದ. ನನ್ನ ತೊಡೆಯ ಮೇಲೆ ಚರ್ಚಿನ ಬಲಗಡೆಗೆ ಎರಡು ಅಗುಳು ಬಿದ್ದಿದ್ದವು. ಒರೆಸಿದೆ, ಮೂರನೆಯ ಮನೆಯೂ ಅಳಿಸಿಹೋಯಿತು.

ನನ್ನ ಹೊಟ್ಟೆಪಾಡಿನ ಕೆಲಸವೇನೆಂದು ಇಲ್ಲಿ ಹೇಳುವುದು ಒಳ್ಳೆಯದು. ಸಾಫ್ಟ್‌ವೇರ್ ಸರಿಯಾಗಿ ಕೆಲಸ ಮಾಡುತ್ತಿದೆಯೇ ಎಂದು ಒಂದೊಂದಾಗಿ ಪರೀಕ್ಷಿಸಿ ಗುರುತು ಹಾಕುವುದು. ನೋಡದೆಯೇ ನೋಡಿದೆ ಎಂದು ಗುರುತು ಹಾಕುವುದಕ್ಕಿಂತ ದೊಡ್ಡ ಪಾಪ ನಮ್ಮ ಕಸುಬಿನಲ್ಲಿಲ್ಲ. ಹೊಸಬರಿಗೆ ಇದನ್ನು ಕಲಿಸುವವನು ನಾನೇ.

ಕ್ರೋಯ್ಡನ್ನಿಗೆ ಬಂದ ಮಾರನೆಯ ದಿನ ಅನಘಾಳ ಶಾಲೆಯ ಸ್ಕರ್ಟ್ ತರಲು ಅವಳನ್ನು ಕರೆದುಕೊಂಡು ಅಂಗಡಿಗೆ ಹೋದೆ. ಬಾಗಿಲು ನೂಕುವ ಮೊದಲು ನಿಜ ಹೇಳಿಬಿಡುವುದೆಂದೇ ನಿರ್ಧರಿಸಿದ್ದೆ. ಮಾರೂಲ್ಲಾ ಆಂಟಿ ಕೈಯಲ್ಲಿದ್ದ ಕತ್ತರಿ ಕೆಳಗಿಟ್ಟು, ಎದ್ದು ನಿಂತು, ನನ್ನ ಮುಖವನ್ನೇ ನೋಡುತ್ತ, "ಕಂಬ ಇತ್ತಾ?" ಎಂದರು.

"ಇತ್ತು" ಎಂದೆ.

ಅಷ್ಟಕ್ಕೆ ಬಾಯಿ ಮುಚ್ಚಿಕೊಂಡಿದ್ದರೆ ಪಾಪ ಒಂದೇ ಪದದ್ದಾಗಿರುತ್ತಿತ್ತು. ಅವರ ಕಣ್ಣು ತುಂಬಿದ್ದನ್ನು ಕಂಡು ನನ್ನೊಳಗೆ ಅದೆಲ್ಲಿತ್ತೋ ಒಂದು ಔದಾರ್ಯ ಉಕ್ಕಿಬಂತು. ಕಂಬ ಸ್ವಲ್ಪ ಬಾಗಿದೆ ಎಂದೆ. ಅವರು ಕೈತಟ್ಟಿ, ಚಿಕ್ಕವಳಿದ್ದಾಗ ಅದಕ್ಕೆ ಜೋತುಬಿದ್ದು ಬಗ್ಗಿಸಿದವಳು ತಾನೇ ಎಂದರು. ಕಿಟಕಿಯ ನೀಲಿ ಮಾಸಿದೆ, ಆದರೆ ನೀಲಿಯೆಂದು ಗೊತ್ತಾಗುತ್ತದೆ ಎಂದೆ. ಅವರು ಆ ಕ್ಷಣವೇ ಮೆಲ್ಬರ್ನಿನಲ್ಲಿರುವ ತಮ್ಮ ಅಕ್ಕನಿಗೆ ಫೋನ್ ಹಚ್ಚಿ ಸ್ಪೀಕರಿಗೆ ಹಾಕಿದರು. ಅಕ್ಕನಿಗೆ ಎಂಬತ್ತಮೂರು. ಅವರ ದನಿ ಸಣ್ಣದಾಗಿ, ದೂರದಿಂದ ಬಂತು. ಹಿತ್ತಿಲ ನಿಂಬೆಗಿಡ ಹೇಗಿದೆ ಎಂದು ಕೇಳಿದರು. ಹಸಿರಾಗಿದೆ ಎಂದೆ. ಕಾಯಿ ಬಿಟ್ಟಿದೆಯೇ ಎಂದರು. ಒಂದೆರಡು ಕಂಡವು ಎಂದೆ. ಫೋನಿನ ಆಚೆ ಅಕ್ಕ, ಈಚೆ ತಂಗಿ, ಇಬ್ಬರೂ ಅಳುತ್ತ ತಮ್ಮ ಭಾಷೆಯಲ್ಲಿ ಏನೋ ಹೇಳಿಕೊಳ್ಳುತ್ತಿದ್ದರು. ಸ್ಕರ್ಟ್ ಹಿಡಿದುಕೊಂಡು ನಿಂತಿದ್ದ ಅನಘಾ ನನ್ನನ್ನು ನೋಡುತ್ತಿದ್ದಳು.

ನಮ್ಮ ಮಗಳಿಗೆ ಕನ್ನಡ ಪೂರ್ತಿ ಅರ್ಥವಾಗುತ್ತದೆ, ಉತ್ತರ ಮಾತ್ರ ಇಂಗ್ಲಿಷಿನಲ್ಲಿ. ಲಿಫ್ಟಿನಲ್ಲಿ ಅವಳು ಮೊದಲು "ಡ್ಯಾಡ್, ಯು ಡಿಡಂಟ್ ಈವನ್ ಗೋ ಅಪ್" ಎಂದಳು. ನಾನು ಲಿಫ್ಟಿನ ಗುಂಡಿಗಳನ್ನು ನೋಡುತ್ತ ನಿಂತೆ. ನಾಲ್ಕನೆಯ ಮಹಡಿ ಬಂತು. ಆಗ ಅವಳು, ಬಹುಶಃ ನನಗೆ ಚೆನ್ನಾಗಿ ತಿಳಿಯಲಿ ಎಂದು, ಕನ್ನಡದಲ್ಲಿ ಕೇಳಿದಳು. "ಅಪ್ಪಾ, ಆಂಟಿಗೆ ಯಾಕೆ ಸುಳ್ಳು ಹೇಳ್ದೆ?"

ಅವಳು ಮನೆಯಲ್ಲಿ ಕನ್ನಡ ಮಾತಾಡಬೇಕೆಂದು ಹತ್ತು ವರ್ಷದಿಂದ ಗೋಗರೆಯುತ್ತಿದ್ದವನು ನಾನು.

ಮುಂದಿನ ದಿನಗಳನ್ನು ಹೇಗೆ ಕಳೆದೆನೋ. ಕುಂಬಳಕಾಯಿ ಕಳ್ಳ ಎಂದರೆ ಹೆಗಲು ಮುಟ್ಟಿ ನೋಡಿಕೊಂಡನಂತೆ. ನನ್ನದು ಯಾರೂ ಏನೂ ಎನ್ನದೆಯೇ ಹೆಗಲು ಮುಟ್ಟಿಕೊಳ್ಳುವ ಸ್ಥಿತಿ. ಅಂಗಡಿಯ ಮುಂದೆ ಹಾಯಬಾರದೆಂದು ಕಟ್ಟಡದ ಹಿಂದೆ ಕಸದ ಡಬ್ಬಗಳಿರುವ ಬಾಗಿಲಿನಿಂದ ಓಡಾಡತೊಡಗಿದೆ. ಟ್ರ್ಯಾಮ್ ಹತ್ತಲು ಒಂದು ಸ್ಟಾಪ್ ಹಿಂದಕ್ಕೆ ನಡೆದೆ. ಇತ್ತ ಮಾರೂಲ್ಲಾ ಆಂಟಿ ಎಳ್ಳು ಹಚ್ಚಿದ ಬಿಸ್ಕತ್ತುಗಳನ್ನು ಮಾಡಿ ನನಗೆಂದೇ ಕಳಿಸಿದರು. ಯಾವ ತಿಂಡಿಯನ್ನೂ ಬಿಟ್ಟವನಲ್ಲ ನಾನು, ಅವನ್ನು ಮಾತ್ರ ಮುಟ್ಟಲಿಲ್ಲ. ಅನಘಾಳಿಂದ ವಿಷಯ ತಿಳಿದಿದ್ದ ಶೈಲಜಾ ಎರಡು ದಿನ ಬಿಟ್ಟು, "ಹೋಗಿ ಹೇಳಿಬಿಡಿ. ಬೇಕಾದ್ರೆ ನನ್ನ ಮೇಲೇ ಹಾಕಿ" ಎಂದಳು. ನನಗೂ ಮೊದಲು ಹೊಳೆದದ್ದು ಅದೇ ಉಪಾಯ ಎಂಬುದನ್ನು ಅವಳಿಗೆ ಹೇಳಲಿಲ್ಲ.

ಆದರೂ ಹೋಗುತ್ತಿರಲಿಲ್ಲವೇನೋ. ಒಂದು ಶನಿವಾರ ಅವರೇ ಮೇಲೆ ಬಂದು ಬೆಲ್ ಒತ್ತಿದರು. ಮೆಲ್ಬರ್ನಿನ ಅಕ್ಕನ ಮೊಮ್ಮಗ ಚಿತ್ರ ಬರೆಯುತ್ತಾನಂತೆ. ಅಜ್ಜಿ ಮಲಗುವ ಕೋಣೆಗೆ ಆ ಮನೆಯ ಚಿತ್ರ ಬರೆದುಕೊಡುತ್ತಾನಂತೆ. ಕಂಬ ಯಾವ ಕಡೆ ಬಾಗಿದೆ, ನೀಲಿ ಎಷ್ಟು ಮಾಸಿದೆ, ನಿಂಬೆಕಾಯಿ ಎಷ್ಟು ದೊಡ್ಡದು ಎಂದು ನನ್ನನ್ನು ಕೇಳಿ ಬರೆದು ಕಳಿಸಬೇಕಂತೆ. ಆಂಟಿ ಒಂದು ಹಾಳೆ, ಪೆನ್ಸಿಲ್ಲು ತಂದಿದ್ದರು. ನಾನು ಹೇಳಿದ ಸುಳ್ಳು ಚೌಕಟ್ಟು ಹಾಕಿಸಿಕೊಂಡು ಒಬ್ಬ ಮುದುಕಿಯ ಮಂಚದ ಎದುರು ಅವರು ಸಾಯುವವರೆಗೂ ತೂಗಾಡುವುದು ಕಣ್ಣಿಗೆ ಕಟ್ಟಿತು. ಅನಘಾ ತನ್ನ ರೂಮಿನ ಬಾಗಿಲಲ್ಲಿ ಬಂದು ನಿಂತಿದ್ದಳು.

"ಆಂಟಿ, ನಾನು ಮೇಲೆ ಹತ್ತಲೇ ಇಲ್ಲ" ಎಂದೆ. "ಬಸ್ಸಿನಲ್ಲಿ ಕೂತು ಊಟ ಮಾಡ್ತಿದ್ದೆ. ಏನೂ ನೋಡಿಲ್ಲ. ಹೇಳಿದ್ದೆಲ್ಲ ಸುಳ್ಳು."

ಅವರು ಪೆನ್ಸಿಲ್ಲನ್ನು ಹಾಳೆಯ ಮೇಲೆ ಉದ್ದಕ್ಕೆ ಇಟ್ಟರು. ಆಮೇಲೆ, "ಏನು ಊಟ?" ಎಂದರು.

ಅನ್ನ, ಮೊಸರು, ಸಾಸಿವೆ ಎಂದು ವಿವರಿಸಿದೆ. ಪ್ರಾಯಶ್ಚಿತ್ತದ ನಡುವೆ ಒಗ್ಗರಣೆಯ ವರ್ಣನೆ ಮಾಡಬೇಕಾಗಿ ಬಂದದ್ದು ನನ್ನ ಕರ್ಮ. ಬಿಸಿಲಿಗೆ ಹುಳಿಯಾಗುತ್ತದೆಂಬ ಅವಸರಕ್ಕೆ ಕೂತೆ ಎಂದೆ.

"ಹುಳಿಯಾಗಿತ್ತಾ?"

"ಇಲ್ಲ" ಎಂದೆ. ನಿಜ ಹೇಳಬೇಕೆಂದರೆ ಅದು ಮೂರು ಗಂಟೆಯವರೆಗೂ ಇರುತ್ತಿತ್ತು. ಅಷ್ಟು ಹಾಲು ಹಾಕಿದ್ದಳು ಶೈಲಜಾ.

ಅವರು ಬೈಯುತ್ತಾರೆಂದು ಕಾದೆ. ಅವರು ತಮ್ಮ ಬೆರಳಿನ ತುದಿಗಳನ್ನೇ ನೋಡಿಕೊಂಡು, "ನಾನು ಕೇಕ್ ತಿಂದೆ" ಎಂದರು.

ನನಗೆ ಅರ್ಥವಾಗಲಿಲ್ಲ. ಅವರೇ ಹೇಳಿದರು. ಕೆಲವು ವರ್ಷಗಳ ಹಿಂದೆ ಮಗ ಅವರನ್ನು ಅದೇ ಕಟ್ಟಡಕ್ಕೆ ಕರೆದುಕೊಂಡು ಹೋಗಿದ್ದ. ಮಂಡಿ ನೋವು, ನೀನು ಹತ್ತಿ ಬಾ, ನಾನು ಕಾಫಿ ಕುಡಿಯುತ್ತಿರುತ್ತೇನೆ ಎಂದು ಅವರು ಕೆಳಗೇ ಕೂತರು. ಮಂಡಿಗೆ ಏನೂ ಆಗಿರಲಿಲ್ಲ. ಅಕ್ರೋಟು ಹಾಕಿದ ಕೇಕನ್ನು ಚೂರುಚೂರೇ ತಿನ್ನುತ್ತ ಅರ್ಧ ಗಂಟೆ ಕಳೆದರು. ಇಳಿದು ಬಂದ ಮಗ ಬಾಯಿ ತೆರೆಯುವ ಮೊದಲೇ, ನನಗೇನೂ ಹೇಳಬೇಡ ಎಂದುಬಿಟ್ಟರು. ಲಂಡನ್ನಿಗೆ ಬಂದು ಅಕ್ಕನಿಗೆ ಫೋನ್ ಮಾಡಿ, ನಾನೇ ಕಣ್ಣಾರೆ ನೋಡಿದೆ, ಎಲ್ಲ ಹಾಗೇ ಇದೆ ಎಂದು ಹೇಳಿದರು.

"ಅವತ್ತಿನಿಂದ ನಾನು ಆ ಸುಳ್ಳನ್ನು ಇಟ್ಟುಕೊಂಡು ಕೂತಿದ್ದೀನಿ. ನೀನು ಬಂದು ಕಂಬ ಇದೆ ಅಂದೆಯಲ್ಲ, ನಾನು ಹೇಳಿದ್ದು ನಿಜವೇ ಆಯ್ತು ಅಂತ ಅವತ್ತು ರಾತ್ರಿ ಚೆನ್ನಾಗಿ ನಿದ್ದೆ ಮಾಡಿದೆ" ಎಂದರು.

ಕ್ಷಮಿಸಿ ಎಂದೆ. ಹಾಗೆಂದು ಎರಡು ಮೂರು ಸಲ ಹೇಳಿದೆನೆಂದು ಕಾಣುತ್ತದೆ, ಅವರು ಸಾಕು ಎಂಬಂತೆ ಕೈಯಾಡಿಸಿದರು. ಚಿತ್ರದ ವಿಷಯ ಸದ್ಯಕ್ಕೆ ಮುಂದೂಡುತ್ತೇನೆ ಎಂದರು. ಬಾಗಿಲ ಬಳಿ ನಿಂತು, "ಇನ್ನೊಂದು ಸಲ ಹೋಗ್ತೀಯ, ಡಾರ್ಲಿಂಗ್? ಈ ಸಲ ಏನಿದ್ದರೂ ಹೇಳು. ಏನೂ ಇಲ್ಲದಿದ್ದರೂ ಹೇಳು. ಊಟ ಮಾಡಿಕೊಂಡು ಹೋಗು" ಎಂದರು. ಡಾರ್ಲಿಂಗ್ ಎಂದು ಕರೆದದ್ದಕ್ಕೆ ನನಗೆ ಅಳು ಬಂತು.

ಅವರೂ ಹತ್ತಲಿಲ್ಲ, ನಾನೂ ಹತ್ತಲಿಲ್ಲ, ಇಬ್ಬರೂ ಕೆಳಗೆ ಕೂತು ತಿಂದೆವು, ಇಬ್ಬರೂ ಸುಳ್ಳು ಹೇಳಿದೆವು ಎಂದು ಲೆಕ್ಕ ಸರಿದೂಗಿಸಿ ಸಮಾಧಾನ ಮಾಡಿಕೊಳ್ಳಲು ಒಂದು ವಾರ ಪ್ರಯತ್ನಿಸಿದೆ. ಆಗಲಿಲ್ಲ. ಅವರಿಗೆ ಆ ಮೆಟ್ಟಿಲುಗಳ ಮೇಲೆ ಇದ್ದದ್ದು ಇಡೀ ಬಾಲ್ಯ. ನನಗೆ ಇದ್ದದ್ದು ಬಿಸಿಲು ಮತ್ತು ಮಾವಿನ ಮಿಡಿ. ಎರಡನ್ನೂ ಒಂದೇ ತಕ್ಕಡಿಯಲ್ಲಿಡಲು ನನ್ನಂಥವನಿಗೂ ನಾಚಿಕೆಯಾಗುತ್ತದೆ.

ಅಕ್ಟೋಬರ್ ರಜೆಗೆ ಟಿಕೆಟ್ ಮಾಡಿಸಿದ್ದೇವೆ. ಅನಘಾ ನನ್ನ ಜೊತೆ ತಾರಸಿಗೆ ಬರುತ್ತಾಳಂತೆ, ಕಾವಲಿಗೆ. ಪ್ಯಾಂಟಿನ ಮೇಲೆ ಹೊಸದಾಗಿ ಗೆರೆ ಎಳೆದದ್ದಾಗಿದೆ; ಈ ಸಲ ಆಂಟಿ ಚಾಕ್ ನೆಚ್ಚದೆ ಬಿಳಿ ದಾರದಿಂದ ಹೊಲಿದೇ ಕೊಟ್ಟಿದ್ದಾರೆ, ಚರ್ಚು, ಮೂರು ಮನೆ, ಕಂಬ. ಮೊನ್ನೆ ಶೈಲಜಾ, "ಈ ಸಲ ಮೊಸರನ್ನ ಬೇಡ ರೀ, ಚಪಾತಿ ಮಾಡ್ಕೋತೀನಿ. ಸಂಜೆವರೆಗೂ ಏನೂ ಆಗಲ್ಲ" ಎಂದಳು. ಒಳ್ಳೆಯದು ಎಂದೆ. ಎಂದವನು ಕ್ಯಾಲೆಂಡರ್ ನೋಡುತ್ತ ಕೂತಿದ್ದೇನೆ. ಆ ದುರ್ಬೀನಿಗೆ ಕಣ್ಣಿಟ್ಟಾಗ ಚರ್ಚಿನ ಬಲಗಡೆಗೆ ಏನೂ ಇಲ್ಲದೆ ಹೋದರೆ ಅದನ್ನು ಕ್ರೋಯ್ಡನ್ನಿನವರೆಗೆ ಹೊತ್ತು ತಂದು ಅವರ ಮುಂದಿಡಬೇಕಾದವನು ನಾನು. ಆ ಭಾರವನ್ನು ಈಗಲೇ ಬೆನ್ನಿನ ಮೇಲೆ ಅನುಭವಿಸುತ್ತಿದ್ದೇನೆ. ಶೈಲಜಾಗೆ ಹೇಳಿಲ್ಲ, ಆದರೆ ಬೇಗ ಹುಳಿಯಾಗುವಂಥದ್ದು ಮೊಸರನ್ನ ಬಿಟ್ಟರೆ ಇನ್ನೇನಿದೆ ಎಂದು ನಿನ್ನೆಯಿಂದ ಯೋಚಿಸುತ್ತಿದ್ದೇನೆ.